ಹಿಮ್ಮಡಿ ಮುಂದಾದ ದೆವ್ವ

ನಾನು ಮೂರು ಸಿನಿಮಾಗಳಲ್ಲಿ ನಟಿಸಿದ್ದೇನೆ. ಮೂರರಲ್ಲೂ ದೆವ್ವದ ಪಾತ್ರ. ಮೂರರಲ್ಲೂ ನನ್ನ ಮುಖ ಒಂದು ಕ್ಷಣವೂ ಕಾಣುವುದಿಲ್ಲ. ಸಿನಿಮಾ ಎಂದರೆ ದೊಡ್ಡ ಥಿಯೇಟರಿನದ್ದು ಎಂದುಕೊಳ್ಳಬೇಡಿ. ನಮ್ಮ ಕೊಟ್ಟೂರಿನಲ್ಲಿ ಮದುವೆ, ಸೀಮಂತ, ಗೃಹಪ್ರವೇಶಗಳ ವಿಡಿಯೋ ತೆಗೆಯುತ್ತಿದ್ದ ಒಬ್ಬರು, ಲಗ್ನಗಳಿಲ್ಲದ ಆಷಾಢದಲ್ಲಿ ಕ್ಯಾಮೆರಾ ಸುಮ್ಮನೆ ಕೂರುತ್ತದಲ್ಲ ಎಂದು ತೆಗೆದ ದೆವ್ವದ ಸಿನಿಮಾಗಳು ಅವು. ಮೊದಲನೆಯದನ್ನು ಹಗರಿಬೊಮ್ಮನಹಳ್ಳಿಯ ಒಂದು ವಿಡಿಯೋ ಹಾಲಿನಲ್ಲಿ ಹಾಕಿದಾಗ, ನಾನು ತೆರೆಯ ಮೇಲೆ ಬರುತ್ತಿದ್ದಂತೆ ಮುಂದಿನ ಬೆಂಚಿನ ಹುಡುಗನೊಬ್ಬ, "ಲೇ, ದೆವ್ವಕ್ಕ ನೆರಳು ಬಿದ್ದೈತಲೇ!" ಎಂದು ಕೂಗಿದ. ಇಡೀ ಹಾಲು ನಕ್ಕಿತು. ನೆರಳು ಬೀಳದೆ ಇನ್ನೇನು? ಮಟಮಟ ಮಧ್ಯಾಹ್ನ ತೆಗೆದದ್ದು. ಲೆನ್ಸಿಗೆ ನೀಲಿ ಜಿಲೇಟಿನ್ ಹಾಳೆ ಸುತ್ತಿದರೆ ಹಗಲೇ ರಾತ್ರಿಯಾಗುತ್ತಿತ್ತು. ನೆರಳಿಗೆ ಸುತ್ತಲು ಮಾತ್ರ ಯಾವ ಹಾಳೆಯೂ ಇರಲಿಲ್ಲ.

ದೆವ್ವದ ಸಿನಿಮಾದ ಹುಚ್ಚು ನನಗೆ ಏಳೆಂಟು ವರ್ಷದವಳಿದ್ದಾಗಲೇ ಹತ್ತಿತ್ತು. ಆಗ ನಮ್ಮ ಓಣಿಯಲ್ಲಿ ನಾಲ್ಕೈದು ಮನೆಯವರು ಸೇರಿ ಭಾನುವಾರಕ್ಕೊಮ್ಮೆ ಟಿ.ವಿ. ಮತ್ತು ಕ್ಯಾಸೆಟ್ಟು ಓಡಿಸುವ ವಿಸಿಪಿಯನ್ನು ಬಾಡಿಗೆಗೆ ತರುತ್ತಿದ್ದರು. ಮೊದಲು ಭಕ್ತಿಯ ಸಿನಿಮಾ, ಆಮೇಲೆ ಹೊಡೆದಾಟದ್ದು, ಕೊನೆಗೆ ದೆವ್ವದ್ದು. ಕೊನೆಯದಕ್ಕೆ ಬರುವ ಹೊತ್ತಿಗೆ ಉಳಿದ ಮಕ್ಕಳು ತಾಯಂದಿರ ಸೆರಗಿನೊಳಗೆ ಸೇರಿರುತ್ತಿದ್ದರು. ನಾನು ಟಿ.ವಿ.ಗೆ ಮೂಗು ತಾಗಿಸಿ ಕೂರುತ್ತಿದ್ದೆ. ಬೇರೆ ಭಾಷೆಯ ಸಿನಿಮಾಗಳು, ಮಾತು ಒಂದೂ ತಿಳಿಯುತ್ತಿರಲಿಲ್ಲ. ಆದರೆ ಯಾವ ಬಾಗಿಲು ಕಿರ್ರೆಂದ ಮೇಲೆ ದೆವ್ವ ಬರುತ್ತದೆ, ಯಾವುದು ಬರೀ ಬೆಕ್ಕು, ಎಲ್ಲಿ ದೀಪ ಆರುತ್ತದೆ ಎಂಬುದೆಲ್ಲ ಬಾಯಿಪಾಠವಾಗಿತ್ತು. ಮುಂಚೆಯೇ ಹೇಳಿಬಿಡುತ್ತೇನೆಂದು ದೊಡ್ಡವರಿಂದ ತಲೆಗೆ ಮೊಟಕಿಸಿಕೊಂಡದ್ದೂ ಉಂಟು.

ನನಗೆ ಹೆದರಿಕೆ ಆಗುತ್ತಿರಲಿಲ್ಲ. ಹೊಟ್ಟೆಕಿಚ್ಚಾಗುತ್ತಿತ್ತು. ಆ ಸಿನಿಮಾಗಳಲ್ಲಿ ಸತ್ತವರು ತಿರುಗಿ ಬರುತ್ತಿದ್ದರು. ನನ್ನ ಅವ್ವ ಬಂದಿರಲಿಲ್ಲ.

ಅವ್ವ ಕಾಮಾಲೆಯಾಗಿ ತೀರಿಕೊಂಡಾಗ ನನಗೆ ಆರು ವರ್ಷ. ನಮ್ಮಲ್ಲಿ ಸತ್ತವರನ್ನು ಮಲಗಿಸುವುದಿಲ್ಲ. ವಿಭೂತಿ ಹಚ್ಚಿ, ಹೂವು ಮುಡಿಸಿ, ಗೋಡೆಗೆ ಆನಿಸಿ ಕೂರಿಸುತ್ತಾರೆ. ಕೂತಂತೆಯೇ ಒಯ್ದು ಕೂತಂತೆಯೇ ಮಣ್ಣು ಮಾಡುತ್ತಾರೆ. ಅವ್ವನನ್ನು ಹಾಗೆ ಕೂರಿಸಿದ್ದಾಗ ಓಣಿಯವರೆಲ್ಲ ಬಂದು ಮುಖ ನೋಡಿ ಹೋದರಂತೆ. ನನ್ನನ್ನು ಮಾತ್ರ, ಕೂಸು ಅಂಜೀತು ಎಂದು, ಎರಡು ಓಣಿ ಆಚೆಯ ಮನೆಯೊಂದಕ್ಕೆ ಕಳಿಸಿ ಒಗ್ಗರಣೆ ಮಂಡಕ್ಕಿ, ಮೆಣಸಿನಕಾಯಿ ಬಜ್ಜಿ ಕೊಟ್ಟು ಕೂರಿಸಿದ್ದರು. ಆ ಬಜ್ಜಿಯ ರುಚಿ ನನಗೆ ಇವತ್ತಿಗೂ ನೆನಪಿದೆ. ಅವ್ವನ ಮುಖ ನೆನಪಿಲ್ಲ.

ನೆನಪಿರುವುದು ಒಂದು ಮಗುವಿನ ಎತ್ತರಕ್ಕೆ ಕಾಣುವಷ್ಟೇ. ಸೀರೆಯ ನಿರಿಗೆ, ಕಾಲುಂಗುರ, ನನ್ನನ್ನು ಎಳೆದುಕೊಂಡು ಹೋಗುತ್ತಿದ್ದ ಒಂದು ಕೈ. ಮನೆಯಲ್ಲಿದ್ದ ಅವ್ವನ ಫೋಟೋ ಒಂದೇ, ಅಪ್ಪ ಅವ್ವನ ಮದುವೆಯದು. ಅದರಲ್ಲಿ ಹಣೆಗೆ ಬಾಸಿಂಗ, ತಲೆಯ ಮೇಲೆ ಸೆರಗು, ಕಣ್ಣು ನೆಲದ ಕಡೆ. ಆಕೆ ಯಾವ ಮದುಮಗಳಾದರೂ ಆಗಬಹುದಿತ್ತು. ಅವ್ವ ಹೇಗಿದ್ದಳು ಎಂದು ಅಪ್ಪನನ್ನು ಕೇಳಿದರೆ, "ಚಲೋ ಇದ್ಲವ್ವಾ" ಎಂದು ಹೇಳಿ ಕಿರಾಣಿ ಅಂಗಡಿಯ ತಕ್ಕಡಿಯ ಕಡೆ ತಿರುಗುತ್ತಿದ್ದ. ಆಮೇಲೆ ಎಷ್ಟೋ ಹೊತ್ತು ಗಿರಾಕಿಗಳ ಜೊತೆಗೂ ಮಾತಾಡುತ್ತಿರಲಿಲ್ಲ. ಹಾಗಾಗಿ ಕೇಳುವುದನ್ನೇ ಬಿಟ್ಟೆ.

ಅಜ್ಜಿಯನ್ನು ಮಾತ್ರ ಬಿಡುತ್ತಿರಲಿಲ್ಲ. "ಅಜ್ಜೀ, ಅವ್ವ ದೆವ್ವ ಆಗಿ ಯಾಕ ಬರಂಗಿಲ್ಲ?"

"ಥೂ, ಬಾಯಿ ತೊಳ್ಕಾ ಹೋಗು! ನಮ್ಮೋರು ಸತ್ತರ ಶಿವನ ಪಾದ ಸೇರತಾರ. ದೆವ್ವ ಗಿವ್ವ ಆಗಂಗಿಲ್ಲ."

ಅಜ್ಜಿಗೆ ಅದು ಹೆಮ್ಮೆಯ ಮಾತು. ನನಗೆ ಅದಕ್ಕಿಂತ ದೊಡ್ಡ ಅನ್ಯಾಯ ಬೇರೆ ಕಾಣಲಿಲ್ಲ. ಹಿಂದಿನ ಓಣಿಯ ಒಂದು ಮನೆಯಲ್ಲಿ ಸತ್ತ ಮುದುಕಿ ಅಮಾವಾಸ್ಯೆಗೊಮ್ಮೆ ತಪ್ಪದೆ ಸೊಸೆಯ ಮೈಮೇಲೆ ಬಂದು ಹೋಳಿಗೆ ಕೇಳುತ್ತಿದ್ದಳು. ಮಾಡಿ ಬಡಿಸಿದರೆ ತಿಂದು, ಎಲ್ಲರ ಯೋಗಕ್ಷೇಮ ವಿಚಾರಿಸಿ ಹೋಗುತ್ತಿದ್ದಳು. ಬದುಕಿದ್ದಾಗ ಆ ಅತ್ತೆ ಸೊಸೆಗೆ ಒಂದು ಹೋಳಿಗೆಯನ್ನೂ ನೆಟ್ಟಗೆ ತಿನ್ನಗೊಟ್ಟಿರಲಿಲ್ಲ ಎಂಬುದೂ, ಹೋಳಿಗೆ ತಿನ್ನುತ್ತಿದ್ದವರು ಯಾರೆಂಬುದೂ ನನಗೆ ಹೊಳೆದದ್ದು ದೊಡ್ಡವಳಾದ ಮೇಲೆ. ಚಿಕ್ಕವಳಿದ್ದಾಗ ಮಾತ್ರ ಆ ಮನೆಯ ಮುಂದೆ ಹಾದುಹೋಗುವಾಗ ಅಳು ಬರುತ್ತಿತ್ತು. ಅವರ ಮನೆಗೆ ಬರುತ್ತಾರೆ, ನಮ್ಮ ಮನೆಗೆ ಬರುವುದಿಲ್ಲ.

ಹತ್ತು ವರ್ಷದವಳಾದಾಗ ಒಂದು ಸಂಗತಿ ಗೊತ್ತಾಯಿತು. ಅಪ್ಪನ ತಂಗಿಯ ಮದುವೆಗೆ ವಿಡಿಯೋ ತೆಗೆಸಿದ್ದರು. ಆಗ ಅವ್ವ ಇದ್ದಳು, ನನಗೆ ಐದು ವರ್ಷ. ಅಂದರೆ ಅವ್ವ ನಡೆದಾಡುವ, ನಗುವ, ಉಣ್ಣುವ ಕ್ಯಾಸೆಟ್ಟೊಂದು ಈ ಲೋಕದಲ್ಲಿದೆ! ರಜೆ ಬಂದದ್ದೇ ಹಠ ಹಿಡಿದು ಹಿರೇಹಡಗಲಿಯ ಅತ್ತೆಯ ಮನೆಗೆ ಹೋದೆ. ಕ್ಯಾಸೆಟ್ಟು ಇತ್ತು, ಆದರೆ ಬೂಸ್ಟು ಹಿಡಿದಿತ್ತು. ಹಾಕಿದರೆ ಪರದೆಯ ತುಂಬ ಗೆರೆಗಳು, ಗೆರೆಗಳ ಹಿಂದೆ ಎಲ್ಲೋ ವಾಲಗದ ಸದ್ದು. ಆ ಗೆರೆಗಳನ್ನೇ ಒಂದು ತಾಸು ನೋಡಿದೆ. ಅತ್ತೆ ಬಂದು ಟಿ.ವಿ. ಆರಿಸಿ ನನ್ನನ್ನು ಎತ್ತಿಕೊಂಡು ಹೋದಳು.

ಹತ್ತೊಂಬತ್ತು ತುಂಬಿದಾಗ ನಾನು ಹೊಲಿಗೆ ಕಲಿಯಲು ಹೋಗುತ್ತಿದ್ದೆ. ಹೊಲಿಗೆ ಕ್ಲಾಸಿನ ಕೆಳಗಡೆಯೇ, ಮೊದಲೇ ಹೇಳಿದ ಆ ವಿಡಿಯೋದವರ ಅಂಗಡಿ. ಎಲ್ಲರೂ ಅವರನ್ನು ಕಾಕಾ ಎನ್ನುತ್ತಿದ್ದರು, ನಾನೂ ಹಾಗೇ ಕರೆಯುತ್ತಿದ್ದೆ. ಆ ವರ್ಷ ಅವರಿಗೆ ದೆವ್ವದ ಸಿನಿಮಾ ತೆಗೆಯುವ ಹುರುಪು ಬಂದಿತ್ತು. ಕಥೆ ಸಿದ್ಧ, ಹೀರೋ ಸಿದ್ಧ (ಪಂಪ್‌ಸೆಟ್ ರಿಪೇರಿಯವನು, ಮೀಸೆ ಚೆನ್ನಾಗಿತ್ತು), ದೆವ್ವ ಮಾತ್ರ ಸಿಕ್ಕಿರಲಿಲ್ಲ. ಕೂಡ್ಲಿಗಿ, ಹರಪನಹಳ್ಳಿ ಎಲ್ಲ ಕಡೆ ಕೇಳಿ ಬಂದಿದ್ದರು. ದೆವ್ವದ ಪಾತ್ರ ಮಾಡಿದ ಹುಡುಗಿಯನ್ನು ಯಾರು ಮದುವೆಯಾಗುತ್ತಾರೆ ಎಂದು ಎಲ್ಲರೂ ಬಾಗಿಲು ಹಾಕಿಕೊಂಡಿದ್ದರು.

ನಾನು ಮೆಟ್ಟಿಲಿಳಿದು ಹೋಗಿ, "ಕಾಕಾ, ದೆವ್ವಕ್ಕ ಪಾದ ಹಿಂದುಮುಂದು ಇರಬೇಕ್ರಿ. ನಿಮ್ಮ ಕಥಿಯಾಗ ಐತೇನು?" ಎಂದೆ.

"ಇರಬೇಕು ಖರೆ. ಹೆಂಗ ತೋರಸೋದವ್ವಾ?"

ಅದನ್ನು ನಾನು ವರ್ಷಗಟ್ಟಲೆ ಯೋಚಿಸಿದ್ದೆ. ನೋಡಿದ ಯಾವ ಸಿನಿಮಾದ ದೆವ್ವಕ್ಕೂ ಪಾದ ತಿರುಗಿರಲಿಲ್ಲ ಎಂಬುದು ನನ್ನ ಬಹಳ ದಿನದ ಸಿಟ್ಟು. ಉಪಾಯ ಸರಳವಾಗಿತ್ತು. ಸೀರೆಯನ್ನು ಹಿಂದುಮುಂದಾಗಿ ಉಡುವುದು, ನಿರಿಗೆ ಬೆನ್ನಿನ ಕಡೆ, ಸೆರಗು ಬೆನ್ನನ್ನು ಹಾದು ಹೆಗಲ ಮೇಲಿಂದ ಎದೆಯ ಕಡೆ. ಜಡೆ ಬಿಚ್ಚಿ ಕೂದಲು ಹರಡುವುದು. ಆಮೇಲೆ ಕ್ಯಾಮೆರಾಕ್ಕೆ ಬೆನ್ನು ಕೊಟ್ಟು ನಿಂತು, ಹಿಂದೆ ಹಿಂದೆ ಹೆಜ್ಜೆಯಿಡುತ್ತ ಕ್ಯಾಮೆರಾದ ಕಡೆಗೆ ಬರುವುದು. ನೋಡುವವರಿಗೆ ಮುಖದ ಮೇಲೆ ಕೂದಲು ಇಳಿಬಿಟ್ಟ ಹೆಂಗಸು ಎದುರಿಗೇ ಬಂದಂತೆ ಕಾಣುತ್ತದೆ. ಕೆಳಗೆ ನೋಡಿದರೆ ಬೆರಳಿನ ಜಾಗದಲ್ಲಿ ಹಿಮ್ಮಡಿ. ಮೊಣಕೈ ಮಡಚಬಾರದು ಅಷ್ಟೇ, ಮಡಚಿದರೆ ಗುಟ್ಟು ರಟ್ಟು. ಕಾಕಾನ ಅಂಗಡಿಯಲ್ಲೇ ಓಢಣಿ ಸುತ್ತಿಕೊಂಡು ನಡೆದು ತೋರಿಸಿದೆ. ಅವರು ಮೊದಲು ನಕ್ಕರು. ಆಮೇಲೆ ಕ್ಯಾಮೆರಾದಲ್ಲಿ ಕಣ್ಣಿಟ್ಟು ನೋಡಿ, "ಯವ್ವಾ, ಮೈ ಜುಮ್ ಅಂತೈತಿ" ಎಂದರು. ನನ್ನ ಜೀವಮಾನದಲ್ಲಿ ನನಗೆ ಸಿಕ್ಕ ದೊಡ್ಡ ಪ್ರಶಸ್ತಿ ಅದು.

"ನಾನ ಮಾಡ್ತೀನ್ರಿ. ನನಗ ಏನೂ ಕೊಡಬ್ಯಾಡ್ರಿ. ಆದ್ರ ನಮ್ಮತ್ತಿ ಮದುವಿ ತಗದಿದ್ರಲ್ಲ, ಅದು ನನಗ ಬೇಕು. ಅವರ ಮನ್ಯಾಗಿಂದು ಕೆಟ್ಟೈತಿ."

"ರಾ ಕ್ಯಾಸೆಟ್ ಇರತೈತಿ ಬಿಡು, ಕ್ಯಾಮೆರಾದಾಗ ತಗದ ಅಸಲು. ಒಂದೂ ಒಗದಿಲ್ಲ ನಾನು, ಟ್ರಂಕಿನಾಗ ಅದಾವ. ಹುಡುಕಿ ಕೊಡ್ತೀನಿ."

"ಊಟದ ಪಂಕ್ತಿ ತಗದೀರಿ?"

"ತಗೀದ ಬಿಡತೀನಾ? ಒಬ್ಬೊಬ್ಬರ ಮಾರಿ ಮ್ಯಾಲೂ ಲೈಟು ನಿಂದ್ರಿಸಿ ತಗೀತಿದ್ದೆ. ಒಬ್ಬರದು ಬಿಟ್ರೂ ಬೀಗರು ಜಗಳಕ್ಕ ಬರತಿದ್ರು."

ಅದು ನಿಜ. ನಮ್ಮ ಕಡೆಯ ಮದುವೆ ವಿಡಿಯೋಗಳಲ್ಲಿ ತಾಳಿ ಕಟ್ಟುವುದು ಎರಡು ನಿಮಿಷವಿದ್ದರೆ ಊಟದ ಪಂಕ್ತಿ ಇಪ್ಪತ್ತು ನಿಮಿಷ ಇರುತ್ತಿತ್ತು. ಬಾಯಲ್ಲಿ ತುತ್ತಿಟ್ಟುಕೊಂಡವರ ಮುಖಕ್ಕೆ ಆ ಬೆಳಕು ಬಿದ್ದೊಡನೆ ಗಂಡಸರು ಅಗಿಯುವುದು ನಿಲ್ಲಿಸುತ್ತಿದ್ದರು, ಹೆಂಗಸರು ಎಡಗೈಯಲ್ಲಿ ಸೆರಗು ಸರಿಮಾಡಿಕೊಳ್ಳುತ್ತಿದ್ದರು. ಆ ಪಂಕ್ತಿಯಲ್ಲಿ ಅವ್ವ ಇದ್ದೇ ಇರುತ್ತಾಳೆ ಎಂದುಕೊಂಡು ನಾನು ಕೊಟ್ಟೂರಿನ ಬಜಾರಿನಲ್ಲಿ ಹಾರುತ್ತ ಮನೆಗೆ ಬಂದೆ.

ಮನೆಯಲ್ಲಿ ಕ್ಯಾಸೆಟ್ಟಿನ ವಿಷಯ ಹೇಳಲಿಲ್ಲ. ಅಪ್ಪ ಮತ್ತೆ ಮಾತು ಬಿಟ್ಟಾನೆಂಬ ಭಯ. ಅಪ್ಪ ಒಂದೇ ಪ್ರಶ್ನೆ ಕೇಳಿದ: "ಮಾರಿ ಕಾಣಂಗಿಲ್ಲ, ಹೌದಲ್ಲ?" ಕಾಣುವುದಿಲ್ಲ ಎಂದೆ. "ಹಂಗಾರ ಹೋಗವ್ವಾ." ಅಜ್ಜಿ ಮಾತ್ರ, "ಹುಚ್ಚು ಬಿಡಾತನಕ ಮದುವಿ ಆಗಂಗಿಲ್ಲ, ಮದುವಿ ಆಗಾತನಕ ಹುಚ್ಚು ಬಿಡಂಗಿಲ್ಲ" ಎಂದು ಗೊಣಗಿ, ಕೊನೆಗೆ ತನ್ನದೇ ಬಿಳಿ ಸೀರೆಯನ್ನು ಮಡಿಸಿ ಕೊಟ್ಟಳು.

ಹೊಸಹಳ್ಳಿಯ ಆಚೆ ಸೂರು ಹಾರಿ ಪಾಳುಬಿದ್ದ ಹತ್ತಿ ಗೋದಾಮೊಂದಿತ್ತು. ಅದೇ ನಮ್ಮ ಭೂತಬಂಗಲೆ. ಊಟಕ್ಕೆ ಬುತ್ತಿ ರೊಟ್ಟಿ, ಚಟ್ನಿಪುಡಿ. ಆದರೆ ದೆವ್ವದ ತಲೆಗೆ ಮಾತ್ರ ಹಡಗಲಿಯಿಂದ ಮೊದಲ ಬಸ್ಸಿಗೆ ಮಲ್ಲಿಗೆ ಬಂದಿತ್ತು. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಎಂದು ಹೀರೋ ನಗಾಡಿದ. ಕಾಕಾನ ಹೆಂಡತಿ ಥರ್ಮೋಕೋಲ್ ಹಲಗೆ ಹಿಡಿದು ನನ್ನ ಮೇಲೆ ಬಿಸಿಲು ತಿರುಗಿಸುತ್ತಿದ್ದರು. ಕಾಕಾ ಕ್ಯಾಮೆರಾ ಹೆಗಲಿಗಿಟ್ಟು, "ಬಾರವ್ವಾ ದೆವ್ವಾ" ಎಂದು ಕರೆದರು. ಗೋದಾಮಿನ ಆ ತುದಿಯಿಂದ ಈ ತುದಿಗೆ ನಾನು ಹಿಂದೆ ಹಿಂದೆ ನಡೆದು ಬಂದೆ.

"ಓಕೆ! ಭಾರೀ ಬಂತು" ಎಂದರು ಕಾಕಾ.

ನನಗೆ ಸಮಾಧಾನವಾಗಲಿಲ್ಲ. ಆಷಾಢದ ಗಾಳಿಗೆ ಕೂದಲು ಸೀಳಿ ಕುತ್ತಿಗೆಯ ಹಿಂಭಾಗ ಕಂಡಿರಬೇಕು ಎನಿಸಿತು. "ಇನ್ನೊಂದು ಸಲ ತಗೀರಿ ಕಾಕಾ" ಎಂದೆ. ತೆಗೆದರು. ಈ ಸಲ ಹೆಜ್ಜೆ ಸೊಟ್ಟಗಾಗಿತ್ತು. ಇನ್ನೊಂದು ಸಲ ಎಂದೆ. ಮೂರನೆಯದರಲ್ಲಿ ಮೊಣಕೈ ಅಲುಗಿತು. "ಸಾಕ ಬಿಡವ್ವಾ, ಮೊದಲನೇದ ಚಲೋ ಐತಿ, ಯಾರು ನೋಡತಾರ ಅಷ್ಟು?" ಎಂದರು ಕಾಕಾ. ಯಾರು ನೋಡುತ್ತಾರೆ? ನಾನು ನೋಡುತ್ತೇನೆ. ಟಿ.ವಿ.ಗೆ ಮೂಗು ತಾಗಿಸಿ ನೋಡಿದ ಅಷ್ಟೂ ದೆವ್ವಗಳ ಮರ್ಯಾದೆ ಆ ದಿನ ನನ್ನ ಹಿಮ್ಮಡಿಯ ಮೇಲಿತ್ತು. ನಾಲ್ಕನೆಯ ಸಲ ಗಾಳಿಯೂ ನಿಂತಿತು, ಹೆಜ್ಜೆಯೂ ನೂಲು ಹಿಡಿದಂತೆ ಬಿತ್ತು. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನು ಅಂಥ ಖುಷಿಯನ್ನು ಅದಕ್ಕೆ ಮುಂಚೆ ಕಂಡಿರಲಿಲ್ಲ.

ಶೂಟಿಂಗ್ ಮುಗಿದ ಮೇಲೆ ದಿನ ಬಿಟ್ಟು ದಿನ ಹೋಗಿ ಕೇಳುತ್ತಿದ್ದೆ. "ಹುಡುಕಾಕತ್ತೀನವ್ವಾ, ಟ್ರಂಕು ಮೂರದಾವ" ಎನ್ನುತ್ತಿದ್ದರು. ಮೋಸಗಾರರಲ್ಲ ಅವರು, ನಿಜವಾಗಿಯೂ ಹುಡುಕುತ್ತಿದ್ದರು. ಹೀಗಿರುವಾಗ ಸಿನಿಮಾ ಜೋಡಿಸುವ ಕೆಲಸ ಶುರುವಾಯಿತು. ಎರಡು ವಿಸಿಆರ್‌ಗಳನ್ನು ವೈರಿನಿಂದ ಕೂಡಿಸಿ, ಒಂದರಲ್ಲಿ ಓಡಿಸಿ ಬೇಕಾದಷ್ಟನ್ನು ಇನ್ನೊಂದಕ್ಕೆ ಇಳಿಸಿಕೊಳ್ಳುತ್ತಿದ್ದರು. ನಾನು ಹೊಲಿಗೆ ಬಿಟ್ಟು ಅಲ್ಲೇ ಸ್ಟೂಲಿನ ಮೇಲೆ ಕೂತಿರುತ್ತಿದ್ದೆ.

ಅವತ್ತು ನನ್ನ ದೃಶ್ಯ. ಮೊದಲನೆಯ ಸಲದ್ದು ಬಂತು, ಎರಡನೆಯದು, ಮೂರನೆಯದು. ನಾಲ್ಕನೆಯದು ಓಡುತ್ತಿದ್ದಾಗ ಯಾರೋ ಪಾಸ್‌ಪೋರ್ಟ್ ಫೋಟೋಕ್ಕೆ ಬಂದರೆಂದು ಕಾಕಾ ಎದ್ದು ಹೊರಗೆ ಹೋದರು. ಕ್ಯಾಸೆಟ್ಟು ಓಡುತ್ತಲೇ ಇತ್ತು. ತೆರೆಯ ಮೇಲೆ ದೆವ್ವ ನನ್ನ ಕಡೆಗೆ ಬಂತು, ಬಂತು, ಇಡೀ ತೆರೆ ಕೂದಲಿನಿಂದ ತುಂಬಿತು. ಚಿತ್ರ ಹರಿದಂತಾಯಿತು, ಒಂದಿಷ್ಟು ಚುಕ್ಕಿ ಸುರಿಯಿತು. ಆಮೇಲೆ ಇದ್ದಕ್ಕಿದ್ದಂತೆ ವಾಲಗ.

ಮದುವೆಯ ಊಟದ ಚಪ್ಪರ. ಉಂಡು ಮುಗಿದ ಎಲೆಗಳು. ಪಂಕ್ತಿಯ ಹೆಂಗಸರು ಕೈ ತೊಳೆಯಲು ಏಳುತ್ತಿದ್ದಾರೆ. ನೀಲಿ ಸೀರೆಯ ಒಬ್ಬಾಕೆ ಆಗಲೇ ಎದ್ದು, ಕ್ಯಾಮೆರಾಕ್ಕೆ ಬೆನ್ನು ತಿರುಗಿಸಿ ಹೊರಟಿದ್ದಾಳೆ. ಎಂಜಲಾದ ಬಲಗೈಯನ್ನು ಸೀರೆಗೆ ತಾಗದಂತೆ ದೂರ ಹಿಡಿದಿದ್ದಾಳೆ. ಎಡಗೈಯಲ್ಲಿ ಒಂದು ಹುಡುಗಿಯ ಕೈ. ಆ ಹುಡುಗಿಯ ಫ್ರಾಕು ನನಗೆ ಗೊತ್ತಿತ್ತು. ಶಾಲೆಗೆ ಸೇರಿಸುವಾಗ ತೆಗೆಸಿದ ನನ್ನ ಫೋಟೋದಲ್ಲಿರುವುದು ಅದೇ ಫ್ರಾಕು, ಆ ಹುಡುಗಿಯ ಮುಖವೂ ಅದೇ. ಇಬ್ಬರೂ ಚಪ್ಪರದ ಕಂಬದ ಆಚೆ ಹೋದರು. ಕ್ಯಾಮೆರಾ ಬೀಗರ ಕಡೆ ತಿರುಗಿತು.

ಕಾಕಾ ಒಳಗೆ ಬಂದವರು ವಾಲಗ ಕೇಳಿ ಅಲ್ಲೇ ನಿಂತರು. ಕ್ಯಾಸೆಟ್ಟು ಹೊರತೆಗೆದರು. ಮೇಲೆ ಸಿನಿಮಾದ ಹೆಸರಿನ ಚೀಟಿ ಅಂಟಿಸಿತ್ತು. ಉಗುರಿನಿಂದ ಕೆರೆದರೆ ಅದರ ಕೆಳಗೆ ಅವರದೇ ಅಕ್ಷರದಲ್ಲಿ ನಮ್ಮ ಅತ್ತೆಯ, ಮಾವನ ಹೆಸರು. ಹೊಸ ಕ್ಯಾಸೆಟ್ಟಿಗೆ ದಾವಣಗೆರೆಗೆ ಹೋಗಬೇಕಿತ್ತು. ಆಷಾಢದ ಸಿನಿಮಾಕ್ಕೆ ಅದೆಲ್ಲ ಯಾಕೆಂದು ಟ್ರಂಕಿನಿಂದ ಕೈಗೆ ಸಿಕ್ಕ ಹಳೆಯದೊಂದನ್ನು ತೆಗೆದು, ಹೆಸರನ್ನೂ ಓದದೆ, ಅದರ ಮೇಲೆಯೇ ತೆಗೆದಿದ್ದರು.

"ಯವ್ವಾ, ನನಗ ನೆಪ್ಪ ಬರಲಿಲ್ಲವ್ವಾ" ಎಂದರು.

ಆ ಪಂಕ್ತಿಯ ಹೆಂಗಸರು ಏಳುವುದಕ್ಕೆ ಮುಂಚೆ ಕೂತಿದ್ದರು. ಕೂತಿದ್ದಾಗ ಕಾಕಾ ಒಬ್ಬೊಬ್ಬರ ಮುಖದ ಮೇಲೂ ಬೆಳಕು ನಿಲ್ಲಿಸಿದ್ದರು. ಅವ್ವ ಎಡಗೈಯಲ್ಲಿ ಸೆರಗು ಸರಿಮಾಡಿಕೊಂಡು ಕ್ಯಾಮೆರಾ ನೋಡಿದ್ದಿರಬೇಕು, ನಕ್ಕಿದ್ದಿರಬೇಕು. ಅದೆಲ್ಲ ಇದ್ದ ಜಾಗದಲ್ಲಿ ನಾನು ನಡೆದಿದ್ದೆ. ಒಂದೊಂದು ಸಲದ ನಡಿಗೆಗೂ ಒಂದೂವರೆ ನಿಮಿಷದ ಪಂಕ್ತಿ ಅಳಿದಿತ್ತು. ಮೊದಲನೆಯದೇ ಚೆನ್ನಾಗಿದೆ, ಸಾಕು ಎಂದವರು ಅವರು. ಇನ್ನೊಂದು ಸಲ, ಇನ್ನೊಂದು ಸಲ, ಇನ್ನೊಂದು ಸಲ ಎಂದವಳು ನಾನು.

ನಮ್ಮ ಕಿರಾಣಿ ಅಂಗಡಿಗೆ ಹೋಗಿ ಅಪ್ಪನನ್ನು ಕರೆತಂದೆ. ಹೇಳದೆ ಮುಚ್ಚಿಡುವ ಶಕ್ತಿ ನನ್ನಲ್ಲಿರಲಿಲ್ಲ. ಅವನ ಅಂಗಿಯ ಮೇಲೆ ಕಡಲೆಹಿಟ್ಟಿನ ಧೂಳು ಹಾಗೇ ಇತ್ತು. ಕಾಕಾ ಕುಂದರ್ರಿ ಎಂದರೂ ಕೂರಲಿಲ್ಲ. ನಿಂತೇ ನೋಡಿದ.

"ಇನ್ನೊಮ್ಮಿ ಹಾಕ್ರಿ" ಎಂದ. ಹಾಕಿದರು. ಮತ್ತೂ ಒಮ್ಮೆ ಹಾಕಿಸಿದ. ಆಮೇಲೆ ನನ್ನ ಕಡೆ ನೋಡದೆ ಹೇಳಿದ: "ಆ ಸೀರಿ ನಾನ ತಂದಿದ್ದೆ. ಬಣ್ಣ ಒಪ್ಪಂಗಿಲ್ಲ ಅಂದಿದ್ಲು. ಆದರೂ ಉಟ್ಗೊಂಡು ಬಂದಿದ್ಲು ನೋಡು." ಹದಿಮೂರು ವರ್ಷಗಳಲ್ಲಿ ಅಪ್ಪ ಅವ್ವನ ಬಗ್ಗೆ ಆಡಿದ ಅತಿ ಉದ್ದನೆಯ ಮಾತು ಅದು.

ಆಮೇಲೆ ಕಾಕಾನನ್ನು ಕೇಳಿದ: "ಮಾರಿ ಇಲ್ಲೇನ್ರಿ?"

ನಾನೇ ಹೇಳಿದೆ. "ಇತ್ತಪ್ಪಾ. ಈಗ ಅಲ್ಲಿ ನಾನದೀನಿ."

ಅಪ್ಪ ನನ್ನ ತಲೆಯ ಮೇಲೆ ಕೈಯಿಟ್ಟ, ಕೂದಲಿಗೆಲ್ಲ ಕಡಲೆಹಿಟ್ಟಾಯಿತು.

ಆಮೇಲೆ ಇನ್ನೆರಡು ಆಷಾಢ ನಾನು ದೆವ್ವವಾದೆ. ಹುಚ್ಚು ಹುಚ್ಚೇ. ಕಾಕಾ ಪ್ರತಿ ಸಲವೂ ಪ್ಯಾಕು ಒಡೆಯದ ಹೊಸ ಕ್ಯಾಸೆಟ್ಟನ್ನು ನನ್ನ ಎದುರಿಗೇ ಒಡೆದು ಕ್ಯಾಮೆರಾಕ್ಕೆ ಹಾಕುತ್ತಿದ್ದರು. ನಾನು ಪ್ರತಿ ಸಲವೂ ಒಂದೇ ಸಲ ನಡೆಯುತ್ತಿದ್ದೆ. ಕುತ್ತಿಗೆ ಕಂಡರೆ ಕಾಣಲಿ.

ಆ ತುಣುಕನ್ನು ಕಾಕಾ ಸಿ.ಡಿ.ಗೆ ಹಾಕಿಸಿಕೊಟ್ಟರು. ಬಾಯಿ ಮುಕ್ಕಳಿಸುವಷ್ಟು ಹೊತ್ತಿನದು. ಎಷ್ಟು ಸಲ ನೋಡಿದ್ದೇನೋ ಲೆಕ್ಕವಿಲ್ಲ. ಅವ್ವನ ಹೆರಳು, ಜಂಪರಿನ ಹಿಂದಿನ ಗಂಟು, ಬಲಗೈ ಬೆರಳಿಗೆ ಅಂಟಿದ ಅನ್ನದ ಅಗಳು ಕೂಡ ಈಗ ಗೊತ್ತು. ನಾನು ಈಗ ನೋಡುವುದು ಅವ್ವನನ್ನಲ್ಲ, ಆಕೆಯ ಕೈ ಹಿಡಿದ ಆ ಐದು ವರ್ಷದವಳನ್ನು. ಅವಳು ಅವ್ವನ ಮಗ್ಗುಲಲ್ಲೇ ಇದ್ದಾಳೆ. ಒಂದು ಸಲ ತಲೆಯೆತ್ತಿದರೆ ಸಾಕು, ಅವ್ವನ ಮುಖ ಒಂದು ಮೊಳ ದೂರ. ಅವಳು ಎತ್ತುವುದಿಲ್ಲ. ಅವ್ವ ಎಳೆದ ಕಡೆಗೆ ಕಾಲು ಹಾಕುತ್ತ, ಕತ್ತನ್ನು ಹಿಂದಕ್ಕೆ ಹೊರಳಿಸಿ, ಬಾಯಿ ತೆರೆದುಕೊಂಡು, ಕ್ಯಾಮೆರಾದ ಬೆಳಕನ್ನೇ ನೋಡುತ್ತಿದ್ದಾಳೆ. "ಈ ಕಡಿ ಏನು ನೋಡತಿಯೇ? ಅವ್ವನ್ನ ನೋಡು. ಒಂದು ಸಲ ತಲಿ ಎತ್ತಿ ಅವ್ವನ್ನ ನೋಡು" ಎಂದು ನಾನು ಪ್ರತಿ ಸಲವೂ ಬೈಯುತ್ತೇನೆ. ಅವಳು ನನ್ನನ್ನೇ ನೋಡುತ್ತ ನೋಡುತ್ತ ಕಂಬದ ಆಚೆ ಹೋಗಿಬಿಡುತ್ತಾಳೆ.